ಮನೆಯಲ್ಲಿ ಓದಿಕೊಳ್ಳಿ

"ಈ ಪಾಠವನ್ನು ಮನೆಯಲ್ಲಿ ಓದಿಕೊಳ್ಳಿ." ಮೂವತ್ತು ವರ್ಷಕ್ಕೂ ಹೆಚ್ಚು ಕಾಲ ಹೈಸ್ಕೂಲಿನಲ್ಲಿ ವಿಜ್ಞಾನ ಹೇಳಿಕೊಟ್ಟ ನಾನು ಪ್ರತಿ ವರ್ಷವೂ ತಪ್ಪದೆ ಆಡಿದ ಮಾತು ಇದೊಂದೇ ಎಂದು ಈಗ ತೋರುತ್ತದೆ. ಹೂವಿನ ಪಾಠಕ್ಕೆ ದಾಸವಾಳ ತರಿಸಿ, ಬಿಡಿಸಿ, ಕೇಸರ ಯಾವುದು ಶಲಾಕೆ ಯಾವುದು ಎಂದು ತೋರಿಸುತ್ತಿದ್ದೆ. ಕಪ್ಪೆಯ ಪಾಠಕ್ಕೆ ಕೆರೆಯಿಂದ ಗೊದಮೊಟ್ಟೆ ತರಿಸುತ್ತಿದ್ದೆ. ಮನುಷ್ಯನ ಸರದಿ ಬಂದಾಗ ಮಾತ್ರ ಕನ್ನಡಕ ಒರೆಸಿಕೊಂಡು, ಕಿಟಕಿಯ ಹೊರಗೆ ನೋಡುತ್ತ, ಈ ಒಂದು ಮಾತು ಹೇಳಿ ಮುಂದಿನ ಪಾಠಕ್ಕೆ ಹಾರುತ್ತಿದ್ದೆ. ನನ್ನ ಪುಸ್ತಕದಲ್ಲಿ ಆ ಏಳೆಂಟು ಪುಟಗಳು ಸೀಮೆಸುಣ್ಣದ ಕಲೆಯಿಲ್ಲದೆ ಹೊಸದಾಗಿಯೇ ಉಳಿದಿದ್ದವು. ಹುಡುಗರ ಪುಸ್ತಕಗಳಲ್ಲಿ ಹಾಗಲ್ಲ. ಅವನ್ನು ಮೇಜಿನ ಮೇಲೆ ಬಿಟ್ಟರೆ ತಾವಾಗಿಯೇ ಆ ಪುಟಕ್ಕೆ ತೆರೆದುಕೊಳ್ಳುತ್ತಿದ್ದವು.

ಮನೆಯಲ್ಲಿ ಓದಿಕೊಳ್ಳಿ ಎಂದೆನಲ್ಲ, ಯಾರ ಮನೆಯಲ್ಲಿ? ನನ್ನ ಮನೆಯಲ್ಲಂತೂ ಅಲ್ಲ. ನನಗೂ ಇಬ್ಬರು ಮಕ್ಕಳಿದ್ದರು. ಅವರು ಕೇಳಿದಾಗ ನಾನು ಹೇಳಿದ್ದು, "ನಿಮ್ಮ ಮೇಷ್ಟರನ್ನು ಕೇಳಿ" ಎಂದು.

ಒಂದು ಸಂಗತಿಯನ್ನು ಹೇಳಿಬಿಡುತ್ತೇನೆ. ಅದನ್ನು ಮುಚ್ಚಿಟ್ಟುಕೊಂಡು ಇತರರ ಮೇಲೆ ಹರಿಹಾಯುವುದು ಸರಿಯಲ್ಲ. ೧೯೮೦ರ ದಶಕದ ಮಾತು. ಒಂದು ಹೋಬಳಿ ಊರಿನ ಹೈಸ್ಕೂಲು, ಎಂಟನೆಯ ತರಗತಿ. ಪ್ರಶ್ನೆ ಕೇಳಿ ಒಬ್ಬ ಹುಡುಗಿಗೆ ಎದ್ದು ನಿಲ್ಲಲು ಹೇಳಿದೆ. ಏಳಲಿಲ್ಲ. ಇನ್ನೊಮ್ಮೆ ಹೇಳಿದೆ, ತಲೆ ತಗ್ಗಿಸಿದಳು. ಉದ್ಧಟತನವೆಂದು ನನಗೆ ಸಿಟ್ಟು ಬಂತು. ಬೆಂಚಿನ ಮೇಲೆ ಹತ್ತಿ ನಿಲ್ಲು ಎಂದು ಗದರಿಸಿದೆ. ನಿಂತಳು. ಲಂಗದ ಮೇಲಿನ ಕಲೆಯನ್ನು ನಾನು ನೋಡುವ ಮೊದಲೇ ಹಿಂದಿನ ಬೆಂಚಿನ ಹುಡುಗರು ನೋಡಿದ್ದರು. ಅವರ ನಗೆ ನನಗೆ ಇನ್ನೂ ಕೇಳಿಸುತ್ತದೆ. ಆದರೆ ಹೆಚ್ಚು ಕಾಡುವುದು ಅವಳ ಮುಖ. ಅದರಲ್ಲಿದ್ದದ್ದು ನಾಚಿಕೆಯಲ್ಲ, ಭಯ. ತನಗೇನೋ ಆಗಬಾರದ್ದು ಆಗಿ ತಾನು ಸಾಯುತ್ತಿದ್ದೇನೆ ಎಂಬ ಭಯ. ಮಾರನೆಯ ದಿನದಿಂದ ಅವಳು ಬರಲಿಲ್ಲ. ಹಾಜರಿ ಪುಸ್ತಕದಲ್ಲಿ ಕೆಲವು ವಾರ ಗೈರುಹಾಜರಿ ಬರೆದೆ, ಆಮೇಲೆ ಹೆಸರು ಹೊಡೆದುಹಾಕಿದೆ. ಅವಳ ಮನೆಗೆ ಹೋಗಿ ಕೇಳಲಿಲ್ಲ. ಗಂಡಸಾದ ನಾನು ಕೇಳುವ ವಿಷಯವಲ್ಲ ಇದು ಎಂದು ಸಮಾಧಾನ ಮಾಡಿಕೊಂಡೆ.

೨೦೨೫ರ ಮಾರ್ಚಿಯಲ್ಲಿ, ಎಂಟರಿಂದ ಹನ್ನೆರಡನೆಯ ತರಗತಿಯವರೆಗೆ ಲೈಂಗಿಕ ಶಿಕ್ಷಣ ಕೊಡುವುದಾಗಿ ನಮ್ಮ ರಾಜ್ಯದ ಸರ್ಕಾರ ಹೇಳಿದ ಸುದ್ದಿ ಪತ್ರಿಕೆಯಲ್ಲಿ ಬಂತು. ಅಂದು ಸಂಜೆ ನಮ್ಮ ಬೀದಿಯ ಕಟ್ಟೆಯ ಮೇಲೆ ನನ್ನ ಓರಗೆಯವರು ಸೇರಿದ್ದಾಗ ಅದೇ ಮಾತು. "ನಮಗೆಲ್ಲ ಯಾರು ಕಲಿಸಿದ್ದರು? ನಾವು ಕೆಟ್ಟೆವೆ?" ಎಂದು ಒಬ್ಬರು, "ಇದು ನಮ್ಮ ಸಂಸ್ಕೃತಿಗೆ ಹೊಂದತಕ್ಕದ್ದಲ್ಲ" ಎಂದು ಇನ್ನೊಬ್ಬರು. ಎಲ್ಲರೂ ತಲೆದೂಗಿದರು. ನಾನು ಅಂದು ಸುಮ್ಮನಿದ್ದೆ. ಅಲ್ಲಿ ಆಡದೆ ಉಳಿದದ್ದನ್ನು ಇಲ್ಲಿ ಆಡುತ್ತಿದ್ದೇನೆ.

ಹಿಂದಿನವರಿಗೆ ಯಾರು ಕಲಿಸಿದ್ದರು ಎಂಬ ಪ್ರಶ್ನೆಗೆ ನೇರವಾದ ಉತ್ತರವಿದೆ: ಹಿಂದಿನವರ ಹೆಣ್ಣುಮಕ್ಕಳು ಮೈನೆರೆಯುವ ವಯಸ್ಸಿಗೆ ಶಾಲೆಯಲ್ಲಿ ಇರುತ್ತಲೇ ಇರಲಿಲ್ಲ. ೧೮೮೯ರಲ್ಲಿ ಕಲ್ಕತ್ತೆಯಲ್ಲಿ ಫೂಲ್‌ಮಣಿ ಎಂಬ ಹತ್ತು ಹನ್ನೊಂದು ವರ್ಷದ ಹುಡುಗಿ, ಮೂವತ್ತು ದಾಟಿದ ಗಂಡನ ಸಂಗದಿಂದ ರಕ್ತ ಸುರಿದು ಸತ್ತಳು. ಆಗಿನ ಕಾನೂನಿನಲ್ಲಿ ಅವನು ಬಲಾತ್ಕಾರದ ಅಪರಾಧಿಯಾಗಲಿಲ್ಲ. ಏಕೆಂದರೆ ಹತ್ತು ವರ್ಷ ತುಂಬಿದವಳು ಸಮ್ಮತಿಗೆ ಅರ್ಹಳೆಂದು ದಂಡಸಂಹಿತೆಯೇ ಹೇಳುತ್ತಿತ್ತು. ಆ ಹತ್ತನ್ನು ಹನ್ನೆರಡು ಮಾಡಲು ೧೮೯೧ರಲ್ಲಿ ಕಾಯಿದೆ ಬಂದಾಗ ದೇಶವೇ ಅಲ್ಲೋಲಕಲ್ಲೋಲವಾಯಿತು. ಗರ್ಭಾಧಾನ ಸಂಸ್ಕಾರಕ್ಕೆ ಚ್ಯುತಿ ಬರುತ್ತದೆ, ಧರ್ಮ ಹೋಯಿತು ಎಂದು ಬಂಗಾಳದಲ್ಲಿ ಕೂಗೆದ್ದಿತು. ಪುಣೆಯಲ್ಲಿ ತಿಲಕರಂಥ ದೊಡ್ಡವರೇ ವಿರೋಧಕ್ಕೆ ನಿಂತರು. ನಮ್ಮ ಮೈಸೂರು ಸಂಸ್ಥಾನ ೧೮೯೪ರಲ್ಲಿ ಒಂದು ನಿಬಂಧನೆ ಮಾಡಿತು. ಅದು ಎಷ್ಟು ದೊಡ್ಡ ಕ್ರಾಂತಿಯೆಂದರೆ, ಎಂಟು ವರ್ಷ ತುಂಬದ ಹುಡುಗಿಗೆ ಮದುವೆ ಮಾಡಕೂಡದು, ಐವತ್ತು ದಾಟಿದವನು ಹದಿನಾಲ್ಕು ತುಂಬದವಳನ್ನು ಮದುವೆಯಾಗಕೂಡದು! ಇಷ್ಟನ್ನು ಹೇಳಲು ಒಂದು ಸರ್ಕಾರ ಬೇಕಾಯಿತು. ೧೯೨೯ರ ಶಾರದಾ ಕಾಯಿದೆ ಹದಿನಾಲ್ಕು ಎಂದಿತು, ೧೯೪೯ರಲ್ಲಿ ಹದಿನೈದಾಯಿತು, ೧೯೭೮ರಲ್ಲಿ ಹದಿನೆಂಟಾಯಿತು.

ಈ ಅಂಕಿಗಳನ್ನು ಸಾಲಾಗಿ ಇಟ್ಟು ನೋಡಬೇಕು. ಹೆಣ್ಣುಮಗು ದೊಡ್ಡವಳಾಗುವುದು ಹನ್ನೆರಡಕ್ಕೋ ಹದಿಮೂರಕ್ಕೋ. ಅಷ್ಟರೊಳಗೆ ಮದುವೆ ಮುಗಿದಿರಬೇಕು ಎಂಬುದು ಮೇಲುಜಾತಿಯ ಮನೆಗಳ ನಿಯಮವಾಗಿತ್ತು. ಮೈನೆರೆದ ಮೇಲೆ ಪ್ರಸ್ತ. ಪ್ರಸ್ತದ ರಾತ್ರಿ ಅವಳಿಗೆ ಏನು ಕಲಿಸಲಾಯಿತೋ ಅದೇ ಅವಳ ಪಾಠ, ಕಲಿಸಿದವನೇ ಮೇಷ್ಟರು. ಮೈನೆರೆಯುವುದಕ್ಕೂ ಮದುವೆಗೂ ನಡುವೆ ಕಾಲವೇ ಇರಲಿಲ್ಲ. ಇಂದು ಆ ನಡುವೆ ಎಂಟು, ಹತ್ತು, ಹನ್ನೆರಡು ವರ್ಷಗಳಿವೆ. ಆ ವರ್ಷಗಳಲ್ಲಿ ಹುಡುಗಿ ಬಸ್ಸು ಹತ್ತುತ್ತಾಳೆ, ಹಾಸ್ಟೆಲಿನಲ್ಲಿ ಇರುತ್ತಾಳೆ, ಗಾರ್ಮೆಂಟ್ಸಿಗೆ ಹೋಗುತ್ತಾಳೆ, ಕಾಲೇಜು ಕಲಿಯುತ್ತಾಳೆ. ಇದು ನಮ್ಮ ಸಮಾಜ ನೂರು ವರ್ಷ ಹೋರಾಡಿ ಗಳಿಸಿದ ಕಾಲ. ಆ ಕಾಲವನ್ನು ಅವಳಿಗೆ ಕೊಟ್ಟೆವು. ಆ ಕಾಲದಲ್ಲಿ ತನ್ನ ದೇಹವನ್ನು ತಾನು ಅರಿತು ನಡೆಯಲು ಬೇಕಾದ ತಿಳಿವಳಿಕೆಯನ್ನು ಕೊಡಲಿಲ್ಲ. ಅಜ್ಜಿಯ ಕಾಲದಲ್ಲಿ ಇರದ ಪಾಠ ಮೊಮ್ಮಗಳಿಗೇಕೆ ಎನ್ನುವವರು, ಮೊಮ್ಮಗಳನ್ನು ಎಂಟಕ್ಕೆ ಮದುವೆ ಮಾಡಿಕೊಡಲು ಸಿದ್ಧರಿದ್ದಾರೆಯೆ?

ಇನ್ನು ಸಂಸ್ಕೃತಿಯ ಮಾತು. ನಮ್ಮ ಹಳ್ಳಿಗಳಲ್ಲಿ ಈ ವಿಷಯ ಎಂದಾದರೂ ಗುಟ್ಟಾಗಿತ್ತೆ? ಹುಡುಗಿ ಮೈನೆರೆದರೆ ಸೋದರಮಾವ ಬಂದು ಹಸಿರು ಸೊಪ್ಪಿನ ಗುಡ್ಲು ಹಾಕುತ್ತಿದ್ದ. ಹಸೆ ಬರೆದು ಕೂರಿಸಿ ಆರತಿ ಎತ್ತುತ್ತಿದ್ದರು, ಸೋಬಾನೆ ಹಾಡುತ್ತಿದ್ದರು. ಕೊಬ್ಬರಿ ಬೆಲ್ಲ, ಚಿಗಳಿ, ತಂಬಿಟ್ಟು ಮನೆಮನೆಗೆ ಹೋಗುತ್ತಿತ್ತು. ಅಗಸಗಿತ್ತಿಗೆ ಗೊತ್ತು, ಬಳೆಗಾರನಿಗೆ ಗೊತ್ತು, ಕೇರಿಯ ನಾಯಿಗೂ ಗೊತ್ತು. ಗೊತ್ತಿಲ್ಲದವಳು ಒಬ್ಬಳೇ, ಹಸೆಯ ಮೇಲೆ ಕೂತವಳು. ಏನಾಯಿತು, ಏಕಾಯಿತು, ಮುಂದಿನ ತಿಂಗಳು ಮತ್ತೆ ಆಗುವುದೆ ಎಂದು ಅವಳಿಗೆ ಯಾರೂ ಹೇಳುತ್ತಿರಲಿಲ್ಲ. "ಅದನ್ನು ಮುಟ್ಟಬೇಡ, ಇಲ್ಲಿ ಕೂರಬೇಡ, ಹುಡುಗರ ಜೊತೆ ಆಡಬೇಡ" ಎಂಬ ಮೂರು ಬೇಡಗಳಷ್ಟೇ ಸಿಗುತ್ತಿದ್ದ ಶಿಕ್ಷಣ. ಹುಡುಗರಿಗೆ ಅದೂ ಇಲ್ಲ. ಧ್ವನಿ ಒಡೆದ ಹುಡುಗನಿಗೆ ನೆಂಟರ ಗೇಲಿಯೊಂದೇ ಸಂಸ್ಕಾರ. ಮಿಕ್ಕದ್ದನ್ನು ಅವನು ಕೆರೆಯ ಏರಿಯ ಮೇಲೆ ತನಗಿಂತ ಎರಡು ವರ್ಷ ದೊಡ್ಡವನಾದ, ತನ್ನಷ್ಟೇ ತಿಳಿಯದವನಿಂದ ಕಲಿಯಬೇಕು. ಆದ್ದರಿಂದ ಲೈಂಗಿಕ ಶಿಕ್ಷಣ ನಮ್ಮ ಮರ್ಯಾದೆಯನ್ನು ಬೀದಿಗೆ ತರುತ್ತದೆ ಎಂಬುದು ಸುಳ್ಳು. ಬೀದಿಗೆ ಅದು ಬಂದು ಬಹಳ ಕಾಲವಾಯಿತು. ಮಗುವಿನ ಬಳಿಗೆ ಮಾತ್ರ ಬಂದಿಲ್ಲ.

ಇಂಥ ಚರ್ಚೆಯಲ್ಲಿ ನನ್ನ ಪಕ್ಷದವರು ಥಟ್ಟನೆ ಖಜುರಾಹೊ ಎನ್ನುತ್ತಾರೆ, ವಾತ್ಸ್ಯಾಯನನನ್ನು ಎಳೆದು ತರುತ್ತಾರೆ. ನಾನು ತರುವುದಿಲ್ಲ. ಆ ಶಿಲ್ಪಗಳನ್ನು ಕಡೆದವರ ಮುಂದೆ ಆರನೆಯ ತರಗತಿಯ ಮಗು ಇರಲಿಲ್ಲ. ನನಗೆ ನೆನಪಾಗುವುದು ನಮ್ಮದೇ ಶಾಲೆಯ ಕನ್ನಡ ಪಂಡಿತರು. ಹಳಗನ್ನಡ ಕಾವ್ಯದ ಶೃಂಗಾರ ಪದ್ಯವನ್ನು ಅವರು ಯಾವ ಸಂಕೋಚವೂ ಇಲ್ಲದೆ ಅನ್ವಯಿಸಿ, ಪೀನಪಯೋಧರೆ ಎಂಬಲ್ಲಿ ಬಹುವ್ರೀಹಿ ಸಮಾಸ ಎಂದು ಬರೆಸುತ್ತಿದ್ದರು. ಹುಡುಗಿಯರೂ ಬರೆದುಕೊಳ್ಳುತ್ತಿದ್ದರು. ಸಂಸ್ಕೃತದಲ್ಲಿ ಹೇಳಿದರೆ ವ್ಯಾಕರಣ, ಕನ್ನಡದಲ್ಲಿ ಹೇಳಿದರೆ ಅಶ್ಲೀಲ. ನಮ್ಮ ಸಂಸ್ಕೃತಿಯ ಗಡಿರೇಖೆ ಇಷ್ಟೇ ಸಣ್ಣದು.

ಈ ಗಡಿಯನ್ನು ದಾಟಿದವರನ್ನು ನಾವು ಹೇಗೆ ನಡೆಸಿಕೊಂಡೆವು? ಮುಂಬಯಿಯ ರಘುನಾಥ ಧೋಂಡೊ ಕರ್ವೆಯವರನ್ನು ನೋಡಿ. ಸ್ತ್ರೀಶಿಕ್ಷಣಕ್ಕಾಗಿ ಬಾಳು ಸವೆಸಿದ ಮಹರ್ಷಿ ಕರ್ವೆಯವರ ಮಗ, ಗಣಿತದ ಪ್ರಾಧ್ಯಾಪಕ. ಸಂತಾನ ನಿಯಂತ್ರಣದ ಪ್ರಚಾರ ಮಾಡಿದ್ದಕ್ಕೆ ಉದ್ಯೋಗ ಹೋಯಿತು. ೧೯೨೭ರಿಂದ 'ಸಮಾಜಸ್ವಾಸ್ಥ್ಯ' ಎಂಬ ಮರಾಠಿ ಮಾಸಪತ್ರಿಕೆಯನ್ನು ಬಡತನದಲ್ಲಿಯೇ ಸಾಯುವವರೆಗೆ ನಡೆಸಿದರು. ಓದುಗರು ಕಾಗದ ಬರೆದು ಕೇಳಿದ ಪ್ರಶ್ನೆಗಳಿಗೆ ವೈಜ್ಞಾನಿಕವಾಗಿ ಉತ್ತರ ಬರೆದದ್ದು ಅಶ್ಲೀಲವೆಂದು ೧೯೩೪ರಲ್ಲಿ ಅವರ ಮೇಲೆ ಮೊಕದ್ದಮೆ ನಡೆಯಿತು. ಅವರ ಪರ ವಾದಿಸಿದವರು ಡಾ. ಅಂಬೇಡ್ಕರ್. ಅಶ್ಲೀಲತೆ ಇರುವುದು ವಿಷಯದಲ್ಲಲ್ಲ, ಹೇಳುವ ರೀತಿಯಲ್ಲಿ. ಜನರ ಮನಸ್ಸಿನಲ್ಲಿ ಇರುವ ಪ್ರಶ್ನೆಗೆ ಉತ್ತರ ಸಿಗದಿದ್ದರೆ ವಿಕೃತಿ ಬೆಳೆಯುತ್ತದೆ ಎಂಬ ಧಾಟಿಯಲ್ಲಿ ಸಾಗಿದ ವಾದ ಅದು. ವಾದ ಸೋತಿತು, ಕರ್ವೆಯವರಿಗೆ ಇನ್ನೂರು ರೂಪಾಯಿ ದಂಡ ಬಿತ್ತು.

ಗಾಂಧೀಜಿ ಹೆಸರು ಹೇಳಿ ಬಾಯಿ ಮುಚ್ಚಿಸುವವರೂ ಇದ್ದಾರೆ. ಕೃತಕ ಸಂತಾನ ನಿಯಂತ್ರಣಕ್ಕೆ ಅವರು ಕೊನೆಯವರೆಗೂ ವಿರೋಧಿ, ನಿಜ. ಆದರೆ ೧೯೩೬ರಲ್ಲಿ 'ಹರಿಜನ' ಪತ್ರಿಕೆಯಲ್ಲಿ ಈ ವಿಷಯವನ್ನು ಎತ್ತಿಕೊಂಡಾಗ ಅವರು ಮೌನವನ್ನು ಬೋಧಿಸಲಿಲ್ಲ. ಕಾಮವನ್ನು ಕೆರಳಿಸುವ ವಿದ್ಯೆ ಬೇಡ, ಆದರೆ ಗೆಲ್ಲಲು ನೆರವಾಗುವ ತಿಳಿವಳಿಕೆ ಬೇಕೇ ಬೇಕು. ಜನನಾಂಗಗಳ ಅರ್ಥವನ್ನೂ ಸರಿಯಾದ ಬಳಕೆಯನ್ನೂ ಹುಡುಗ ಹುಡುಗಿಯರಿಬ್ಬರಿಗೂ ಹೇಳಬೇಕು. ತಮ್ಮ ಪಾಲನೆಯಲ್ಲಿದ್ದ ಮಕ್ಕಳಿಗೆ ತಾವು ಹಾಗೆ ಹೇಳಲು ಪ್ರಯತ್ನಿಸಿದ್ದೇವೆ ಎಂದು ಬರೆದರು. ಅವರ ಗುರಿಯನ್ನು ನಾವು ಒಪ್ಪದಿರಬಹುದು. ಬ್ರಹ್ಮಚರ್ಯವನ್ನೇ ಆದರ್ಶವೆಂದು ನಂಬಿದವರಿಗೂ ಮಗುವನ್ನು ಕತ್ತಲಲ್ಲಿ ಇಡುವುದು ಸರಿಕಾಣಲಿಲ್ಲ ಎಂಬುದನ್ನು ಗಮನಿಸಿದರೆ ಸಾಕು. ಅಂದಹಾಗೆ, ಸರ್ಕಾರದ ವತಿಯಿಂದಲೇ ಸಂತಾನ ನಿಯಂತ್ರಣ ಚಿಕಿತ್ಸಾಲಯ ತೆರೆಯಲು ಮೈಸೂರು ಸಂಸ್ಥಾನ ಅಪ್ಪಣೆ ಕೊಟ್ಟದ್ದು ೧೯೩೦ರಲ್ಲಿ. ಲೋಕದಲ್ಲಿಯೇ ಮೊದಲು ಎಂದು ಅದನ್ನು ಲೆಕ್ಕಹಾಕುತ್ತಾರೆ. ದಂಪತಿಗಳಿಗೆ ಆ ಧೈರ್ಯ ತೋರಿಸಿದ ನಾಡು ಮಕ್ಕಳ ವಿಷಯದಲ್ಲಿ ಹಿಂಜರಿಯಿತು. ಮುಂದೆ ಕನ್ನಡದಲ್ಲಿ ಡಾ. ಅನುಪಮಾ ನಿರಂಜನರಂಥ ವೈದ್ಯೆ ಲೇಖನಿ ಹಿಡಿದು ಹೆಂಗಸರಿಗೆ ತಿಳಿಯುವಂತೆ ಬರೆದಾಗಲೂ ಪುಸ್ತಕದ ಹೆಸರು 'ವಧುವಿಗೆ ಕಿವಿಮಾತು' ಎಂದಾಗಬೇಕಾಯಿತು. ಅವರನ್ನು ದೂರುತ್ತಿಲ್ಲ, ಆ ಕಾಲದಲ್ಲಿ ಬರೆದದ್ದೇ ಉಪಕಾರ. ಆದರೆ ಹಸೆಮಣೆ ಏರಿದವಳಿಗೆ ಮಾತ್ರ, ಅದೂ ಕಿವಿಯಲ್ಲಿ, ಎಂಬ ನಮ್ಮ ಸಮಾಜದ ಷರತ್ತು ಆ ಹೆಸರಿನಲ್ಲಿಯೇ ಇದೆ.

ಇದು ಪಶ್ಚಿಮದ ಸರಕು ಎನ್ನುವವರು ಪಶ್ಚಿಮದ ಚರಿತ್ರೆಯನ್ನೂ ಓದಿಲ್ಲ. ಅಮೆರಿಕದ ಷಿಕಾಗೊ ನಗರದಲ್ಲಿ ಎಲ್ಲ ಫ್ಲಾಗ್ ಯಂಗ್ ಎಂಬ ಶಿಕ್ಷಣಾಧಿಕಾರಿಣಿ ೧೯೧೩ರಲ್ಲಿ ಹೈಸ್ಕೂಲುಗಳಲ್ಲಿ ಇಂಥ ಉಪನ್ಯಾಸಗಳನ್ನು ಆರಂಭಿಸಿದರೆ, ಕೆಲವೇ ತಿಂಗಳಲ್ಲಿ ಅದನ್ನು ನಿಲ್ಲಿಸಬೇಕಾಯಿತು. ಅಲ್ಲಿಯೂ ಧರ್ಮ ಹೋಯಿತು ಎಂಬ ಕೂಗೇ. ಸ್ವೀಡನ್ನಿನಲ್ಲಿ ಅದು ಕಡ್ಡಾಯವಾದದ್ದು ೧೯೫೫ರಲ್ಲಿ, ಬಹುಕಾಲದ ಜಗಳದ ನಂತರ. ಸಂಕೋಚ ಯಾವ ಒಂದು ದೇಶದ ಸೊತ್ತೂ ಅಲ್ಲ.

ನಮ್ಮ ಶಾಲೆಗಳಿಗೆ ಈ ವಿಷಯ ಬಂದದ್ದು ಹಿತ್ತಿಲ ಬಾಗಿಲಿನಿಂದ. ೧೯೮೦ರಲ್ಲಿ ಜನಸಂಖ್ಯಾ ಶಿಕ್ಷಣ ಎಂಬ ಯೋಜನೆ ಬಂತು. ಗೋಡೆಗೋಡೆಯ ಮೇಲೆ ಕೆಂಪು ತ್ರಿಕೋನ, ನಾವಿಬ್ಬರು ನಮಗಿಬ್ಬರು. ನಾವೂ ನಕ್ಷೆ ಬರೆಸಿದೆವು, ಜನಸಂಖ್ಯೆಯ ಏರಿಕೆಯನ್ನು ಬಾಯಿಪಾಠ ಮಾಡಿಸಿದೆವು. ಆ 'ನಮಗಿಬ್ಬರು' ಎಲ್ಲಿಂದ ಬರುತ್ತಾರೆ ಎಂದು ಮಾತ್ರ ಯಾವ ಹುಡುಗನೂ ಕೇಳುವಂತಿರಲಿಲ್ಲ. ದೇಹವಿಲ್ಲದ ಜನಸಂಖ್ಯೆ ಅದು. ಆಮೇಲೆ ಏಡ್ಸ್ ಬಂತು. ೧೯೮೬ರಲ್ಲಿ ಮದರಾಸಿನಲ್ಲಿ ಮೊದಲು ಪತ್ತೆಯಾದ ಸೋಂಕು ದೇಶವೆಲ್ಲ ಹರಡಿದಾಗ ದಿಲ್ಲಿ ಬೆದರಿತು. ೨೦೦೫ರಲ್ಲಿ ಕೇಂದ್ರ ಸರ್ಕಾರದ ಶಿಕ್ಷಣ ಖಾತೆಯೂ ಏಡ್ಸ್ ನಿಯಂತ್ರಣ ಸಂಸ್ಥೆಯೂ ಕೂಡಿ ಹದಿಹರೆಯದ ಶಿಕ್ಷಣ ಕಾರ್ಯಕ್ರಮವನ್ನು ಹೊರಡಿಸಿದವು. ಮಕ್ಕಳ ಮೇಲಿನ ಅಕ್ಕರೆಗಿಂತ ರೋಗದ ಭಯವೇ ಅದನ್ನು ಹೆತ್ತಿತು ಎಂಬುದನ್ನು ಮರೆಯಬಾರದು. ಅದರ ದೋಷಗಳಿಗೂ ಅದೇ ಕಾರಣ.

೨೦೦೭ರಲ್ಲಿ ಏನಾಯಿತು? ಶಿಕ್ಷಕರ ಕೈಪಿಡಿಯ ಚಿತ್ರಗಳು ಅಸಭ್ಯವೆಂದು ಗುಲ್ಲೆದ್ದಿತು. ಮಹಾರಾಷ್ಟ್ರ, ಮಧ್ಯಪ್ರದೇಶ, ಗುಜರಾತ, ಕರ್ನಾಟಕ ಮೊದಲಾದ ರಾಜ್ಯಗಳು ಒಂದಾದ ಮೇಲೊಂದರಂತೆ ಬಾಗಿಲು ಹಾಕಿದವು. ಇದರಲ್ಲಿ ಪಕ್ಷಭೇದವಿರಲಿಲ್ಲ, ಬೇರೆ ಯಾವುದರಲ್ಲಿಯೂ ಒಂದಾಗದ ಪಕ್ಷಗಳು ಇದರಲ್ಲಿ ಒಂದಾದವು. ಚಿತ್ರ ಚೆನ್ನಾಗಿಲ್ಲದಿದ್ದರೆ ಬೇರೆ ಚಿತ್ರ ಬರೆಸಬೇಕು. ಇವರು ಪಾಠವನ್ನೇ ನಿಲ್ಲಿಸಿದರು. ಆ ಸುದ್ದಿ ಬಂದ ದಿನ ನಮ್ಮ ಸ್ಟಾಫ್ ರೂಮಿನಲ್ಲಿ ನೆಮ್ಮದಿಯ ಉಸಿರು ಬಿಟ್ಟವರಲ್ಲಿ ನಾನೂ ಒಬ್ಬ. ಕಾಫಿ ತರಿಸಿ ಕುಡಿದೆವು.

ಅದೇ ೨೦೦೭ರ ಏಪ್ರಿಲಿನಲ್ಲಿ, ಅದೇ ಕೇಂದ್ರ ಸರ್ಕಾರದ ಮಹಿಳಾ ಮತ್ತು ಮಕ್ಕಳ ಖಾತೆ ಒಂದು ವರದಿ ಪ್ರಕಟಿಸಿತು. ಹದಿಮೂರು ರಾಜ್ಯಗಳಲ್ಲಿ ೧೨,೪೪೭ ಮಕ್ಕಳನ್ನು ಕೇಳಿ ಬರೆದದ್ದು. ಅವರಲ್ಲಿ ನೂರಕ್ಕೆ ೫೩ ಮಕ್ಕಳು ಒಂದಲ್ಲ ಒಂದು ಬಗೆಯ ಲೈಂಗಿಕ ಕಿರುಕುಳಕ್ಕೆ ಗುರಿಯಾಗಿದ್ದರು. ಹುಡುಗರೂ ಹುಡುಗಿಯರಿಗಿಂತ ಕಡಿಮೆಯಿರಲಿಲ್ಲ. ಕಿರುಕುಳ ಕೊಟ್ಟವರಲ್ಲಿ ಅರ್ಧದಷ್ಟು ಜನ ಮಗುವಿಗೆ ಗೊತ್ತಿದ್ದವರು, ಮಗು ನಂಬಿದವರು. ಬಹುಪಾಲು ಮಕ್ಕಳು ಯಾರಿಗೂ ಹೇಳಿರಲಿಲ್ಲ. ಹೇಗೆ ಹೇಳಬೇಕು? ತನ್ನ ಮೈಯ ಯಾವ ಭಾಗಕ್ಕೆ ಏನಾಯಿತು ಎನ್ನಲು ಅದಕ್ಕೆ ಶಬ್ದವನ್ನೇ ನಾವು ಕೊಟ್ಟಿಲ್ಲ. ಈ ವರದಿ ಕೈಯಲ್ಲಿರುವಾಗಲೇ ರಾಜ್ಯಗಳು ಸಂಸ್ಕೃತಿರಕ್ಷಣೆಗೆ ನಿಂತವು. ೨೦೦೯ರಲ್ಲಿ ರಾಜ್ಯಸಭೆಯ ಅರ್ಜಿಗಳ ಸಮಿತಿ, ವೆಂಕಯ್ಯನಾಯ್ಡು ಅವರ ಅಧ್ಯಕ್ಷತೆಯಲ್ಲಿ, ಶಾಲೆಗಳಲ್ಲಿ ಲೈಂಗಿಕ ಶಿಕ್ಷಣ ಬೇಡ, ಅಂಥ ಪಾಠಗಳೇನಿದ್ದರೂ ಹನ್ನೊಂದು ಹನ್ನೆರಡನೆಯ ತರಗತಿಯ ಜೀವಶಾಸ್ತ್ರಕ್ಕೆ ಹೋಗಲಿ ಎಂದು ಶಿಫಾರಸು ಮಾಡಿತು. ಜೀವಶಾಸ್ತ್ರ ತೆಗೆದುಕೊಳ್ಳದ ಹುಡುಗಿಗೆ ದೇಹವಿಲ್ಲವೆ? ಹತ್ತನೆಯ ತರಗತಿಗೇ ಓದು ಬಿಟ್ಟವಳು ಎಲ್ಲಿಗೆ ಹೋಗಬೇಕು?

ತಿಳಿಸಿದರೆ ಮಕ್ಕಳು ಕೆಡುತ್ತಾರೆ ಎಂಬ ಹೆದರಿಕೆಯನ್ನು ಊಹೆಯಿಂದ ನಿರ್ಧರಿಸಬೇಕಾಗಿಲ್ಲ. ನಾನಾ ದೇಶಗಳ ಅಧ್ಯಯನಗಳನ್ನು ಒಟ್ಟುಗೂಡಿಸಿ ಯುನೆಸ್ಕೊ ೨೦೦೯ರಲ್ಲಿಯೂ ೨೦೧೮ರಲ್ಲಿಯೂ ಹೇಳಿದೆ: ಇಂಥ ಶಿಕ್ಷಣದಿಂದ ಮಕ್ಕಳು ಬೇಗ ಆ ದಾರಿಗೆ ಇಳಿಯುವುದಿಲ್ಲ, ಎಷ್ಟೋ ಕಡೆ ತಡವಾಗಿಯೇ ಇಳಿದಿದ್ದಾರೆ. ಮೇಲಾಗಿ, ಅಂಗೈಯಲ್ಲಿ ಮೊಬೈಲು ಇರುವ ಹುಡುಗನಿಗೆ ನಾವು ಹೇಳದಿದ್ದರೆ ತಿಳಿಯುವುದೇ ಇಲ್ಲವೆ? ತಿಳಿಯುತ್ತದೆ, ಯಾರಿಂದ ಎಂಬುದಷ್ಟೇ ಪ್ರಶ್ನೆ. ೨೦೧೨ರ ಪೋಕ್ಸೊ ಕಾಯಿದೆಯಂತೆ ಹದಿನೆಂಟು ತುಂಬದವರ ಸಮ್ಮತಿ ಸಮ್ಮತಿಯೇ ಅಲ್ಲ. ಹಳ್ಳಿಯ ಹುಡುಗ ಈ ಮಾತನ್ನು ಮೊದಲ ಬಾರಿ ಕೇಳುವುದು ಪೊಲೀಸು ಠಾಣೆಯಲ್ಲಿ. ಇದನ್ನು ಹೇಳುವುದಕ್ಕೂ ಸಂಸ್ಕೃತಿ ಅಡ್ಡವೆ?

ಈಗ ಕೊಡುವುದಾಗಿ ಹೇಳುತ್ತಾರಲ್ಲ, ಅದರ ಬಗೆಗೂ ನನಗೆ ತಕರಾರಿದೆ. ವೈದ್ಯರನ್ನು ಕರೆಸಿ ಹೇಳಿಸುವ ಮಾತು ಬಂದಿದೆ. ಡಾಕ್ಟರು ಬರುತ್ತಾರೆ, ಚಿತ್ರಪಟ ತೂಗುಹಾಕುತ್ತಾರೆ, ಹುಡುಗಿಯರನ್ನು ಒಂದು ಕೋಣೆಗೆ, ಹುಡುಗರನ್ನು ಆಟದ ಬಯಲಿಗೆ ಕಳಿಸಲಾಗುತ್ತದೆ. ಡಾಕ್ಟರು ಹೋದ ಮೇಲೆ ಮಗುವಿನ ಮನಸ್ಸಿನಲ್ಲಿ ಏಳುವ ಪ್ರಶ್ನೆಯನ್ನು ಕೇಳಿಸಿಕೊಳ್ಳಬೇಕಾದವರು ದಿನವೂ ಹಾಜರಿ ಕೂಗುವ ಮೇಷ್ಟರು, ಟೀಚರು. ಅವರಿಗೆ ಮೊದಲು ನಾಲಗೆ ಬರಬೇಕು. ನಮ್ಮ ಭಾಷೆಯ ಸ್ಥಿತಿ ನೋಡಿ: ಒಂದು ಕಡೆ ಪಠ್ಯಪುಸ್ತಕದ ಶಿಶ್ನ, ಯೋನಿ, ವೃಷಣ, ಋತುಸ್ರಾವ, ಇನ್ನೊಂದು ಕಡೆ ಬಸ್‌ಸ್ಟ್ಯಾಂಡಿನ ಗೋಡೆಯ ಬೈಗುಳ. ನಡುವೆ ಮಾತಿಲ್ಲ. ಹೆಂಗಸರು ತಿಂಗಳ ದಿನಗಳಿಗೆ ಕಾಗೆ ಮುಟ್ಟಿತು ಎನ್ನುತ್ತಾರೆ, ಹೊರಗಾದಳು ಎನ್ನುತ್ತಾರೆ. ಮುಟ್ಟಬಾರದ್ದಕ್ಕೆ ಮುಟ್ಟು ಎಂದೇ ಹೆಸರು. ಪಕ್ಕದ ಮನೆಯ ಮುದುಕ ಕಿರುಕುಳ ಕೊಟ್ಟರೆ ಮಗು ಯಾವ ಕಾಗೆಯ ಹೆಸರು ಹೇಳಬೇಕು? ಪುಸ್ತಕದ ಶಬ್ದವಾದರೂ ಸರಿಯೆ, ಕೈ, ಕಾಲು, ಮೂಗು ಎನ್ನುವಷ್ಟೇ ಸಲೀಸಾಗಿ ತರಗತಿಯಲ್ಲಿ ನಾಲ್ಕು ಸಲ ಗಟ್ಟಿಯಾಗಿ ಆಡಿದರೆ ಅದರ ಮುಳ್ಳು ಉದುರುತ್ತದೆ. ದಾಸವಾಳ ಬಿಡಿಸಿ ತೋರಿಸುವಾಗ ನಾನು ಯಾವ ಶಬ್ದಕ್ಕೂ ತಡವರಿಸಲಿಲ್ಲ, ಮಕ್ಕಳೂ ನಗಲಿಲ್ಲ. ಹುಡುಗರೂ ಅಲ್ಲಿಯೇ ಕೂತಿರಬೇಕು. ಹಿಂದಿನ ಬೆಂಚಿನಿಂದ ನಕ್ಕವರು ಅವರೇ ಅಲ್ಲವೆ?

ವಯಸ್ಸಿನ ಮಾತೂ ಇದೆ. ಒಂಬತ್ತನೆಯ ತರಗತಿಯವರೆಗೆ ಕಾಯದೆ ಇನ್ನೂ ಚಿಕ್ಕಂದಿನಿಂದಲೇ ಇದು ಆರಂಭವಾಗಬೇಕು ಎಂದು ೨೦೨೫ರ ಅಕ್ಟೋಬರಿನಲ್ಲಿ ಸರ್ವೋಚ್ಚ ನ್ಯಾಯಾಲಯ ಹೇಳಿತು. ನಮ್ಮವರು ಎಂಟನೆಯ ತರಗತಿಯಿಂದ ಎನ್ನುತ್ತಾರೆ. ನಾನು ಬೆಂಚಿನ ಮೇಲೆ ನಿಲ್ಲಿಸಿದ ಹುಡುಗಿ ಇದ್ದದ್ದು ಎಂಟನೆಯ ತರಗತಿಯಲ್ಲಿಯೇ. ಆಗ ಜೂನ್ ತಿಂಗಳು. ಪುಸ್ತಕಗಳು ಇನ್ನೂ ಬಂದಿರಲಿಲ್ಲ.